ಸ್ಪೆಕ್ ಸೈಫರ್ ಮೇಲೆ ನ್ಯೂರಲ್ ನೆಟ್‌ವರ್ಕ್: 22 ರೌಂಡ್‌ಗೂ ಅಕ್ಯುರಸಿ 0.9688 ಬರ್ತಿದೆ, ಎಲ್ಲಿ ಎಡವಟ್ಟಾಗಿದೆ?

ಹದಿನಾರು_ಬಿಟ್:
ಎಲ್ಲರಿಗೂ ನಮಸ್ಕಾರ. ಎಂ.ಟೆಕ್ ಕೊನೇ ವರ್ಷದ ಪ್ರಾಜೆಕ್ಟ್‌ಗೆ ಸ್ಪೆಕ್32/64 ಸೈಫರ್ ಮೇಲೆ ಡೀಪ್ ಲರ್ನಿಂಗ್ ದಾಳಿ ಅನ್ನೋ ವಿಷಯ ತಗೊಂಡಿದ್ದೀನಿ. ಆರನ್ ಗೋರ್ 2019ರ ಕ್ರಿಪ್ಟೋ ಸಮ್ಮೇಳನದಲ್ಲಿ ಮಂಡಿಸಿದ್ದನ್ನೇ ಮೊದಲು ನಾನೂ ಮಾಡಿ ನೋಡಿ, ಆಮೇಲೆ ಮುಂದಕ್ಕೆ ಹೋಗೋಣ ಅಂತ ಯೋಚನೆ.

ಗೊತ್ತಿಲ್ಲದವರಿಗೆ ಚಿಕ್ಕದಾಗಿ ಹೇಳಿಬಿಡ್ತೀನಿ. ಸೈಫರ್ ಅಂದರೆ ಕೀ ಹಾಕಿ ಮಾಹಿತಿಯನ್ನ ಗುಟ್ಟಾಗಿಸೋ ಕ್ರಮ. ಸ್ಪೆಕ್ ಅನ್ನೋದು ಅಮೆರಿಕದ ಗುಪ್ತಚರ ಸಂಸ್ಥೆ ಎನ್‌ಎಸ್‌ಎ 2013ರಲ್ಲಿ ಹೊರಬಿಟ್ಟ ಹಗುರ ಸೈಫರ್. ಅದರ ಅತಿ ಸಣ್ಣ ರೂಪದಲ್ಲಿ ಬ್ಲಾಕ್ 32 ಬಿಟ್, ಕೀ 64 ಬಿಟ್, ರೌಂಡ್ (ಮತ್ತೆ ಮತ್ತೆ ಮಾಡೋ ಕಲೆಸುವ ಹೆಜ್ಜೆ) 22. ಬ್ಲಾಕನ್ನು ಎಡ, ಬಲ ಅಂತ 16 ಬಿಟ್‌ನ ಎರಡು ಪದ ಮಾಡ್ತಾರೆ. ನೆಟ್‌ವರ್ಕ್‌ಗೆ ಕೊಡೋ ಕೆಲಸ ಇಷ್ಟೇ (ಪ್ಲೇನ್‌ಟೆಕ್ಸ್ಟ್ ಅಂದರೆ ಮೂಲ ಮಾಹಿತಿ, ಸೈಫರ್‌ಟೆಕ್ಸ್ಟ್ ಅಂದರೆ ಅದರ ಗುಟ್ಟಾದ ರೂಪ): ಎರಡು ಸೈಫರ್‌ಟೆಕ್ಸ್ಟ್ ತೋರಿಸ್ತೀವಿ. ಇವು 0040/0000 (ಎಡ/ಬಲ ಪದಗಳಲ್ಲಿ ಬೇರೆಯಾಗಿರೋ ಬಿಟ್‌ಗಳು, ಹೆಕ್ಸಾಡೆಸಿಮಲ್‌ನಲ್ಲಿ) ಅಷ್ಟೇ ವ್ಯತ್ಯಾಸ ಇರೋ ಎರಡು ಪ್ಲೇನ್‌ಟೆಕ್ಸ್ಟ್‌ಗಳಿಂದ ಒಂದೇ ಕೀ ಹಾಕಿ ಬಂದವಾ (ಲೇಬಲ್ 1), ಇಲ್ಲಾ ಸುಮ್ಮನೆ ರ‍್ಯಾಂಡಮ್ ಜೋಡಿಯಾ (ಲೇಬಲ್ 0)? ಅದು ಹೇಳಬೇಕು. ಸುಮ್ಮನೆ ನಾಣ್ಯ ಚಿಮ್ಮಿದರೂ 0.50 ಸಿಗತ್ತೆ. ಅದಕ್ಕಿಂತ ಜಾಸ್ತಿ ಬಂದರೆ ಸೈಫರ್ ಏನೋ ಬಿಟ್ಟುಕೊಡ್ತಿದೆ ಅಂತ ಅರ್ಥ.

ಗೋರ್ ಅವರಿಗೆ 5 ರೌಂಡ್‌ಗೆ 0.929, 6ಕ್ಕೆ 0.788, 7ಕ್ಕೆ 0.616, 8ಕ್ಕೆ 0.514 ಬಂದಿದೆ. ನನಗೆ 10 ರೌಂಡ್‌ಗೆ 0.9691, 15ಕ್ಕೆ 0.9684, ಪೂರ್ತಿ 22ಕ್ಕೆ 0.9688!

ಟ್ರೇನಿಂಗ್‌ಗೆ 10 ಲಕ್ಷ ಜೋಡಿ, ವ್ಯಾಲಿಡೇಷನ್‌ಗೆ (ಕಲಿತದ್ದನ್ನ ಪರೀಕ್ಷಿಸೋಕೆ) ಬೇರೆಯಾಗಿ ತಯಾರಿಸಿದ 1 ಲಕ್ಷ. ಎರಡರಲ್ಲೂ ಒಂದೇ ಡೇಟಾ ಸೇರಿಕೊಂಡಿಲ್ಲ, ಅದು ಖಾತ್ರಿ. ಜೋಡಿಗೊಂದು ಹೊಸ ಕೀ. ಕೆರಾಸ್, ರೆಸಿಡ್ಯುಯಲ್ ನೆಟ್‌ವರ್ಕ್, ಎಲ್ಲ ಪೇಪರ್‌ನಲ್ಲಿ ಇರೋ ಹಾಗೇ. ಗೈಡ್ ಸರ್ ಅಂತೂ ಆಗಲೇ ಯಾವ ಕಾನ್ಫರೆನ್ಸ್‌ಗೆ ಕಳಿಸೋಣ ಅಂತ ಕೇಳ್ತಿದ್ದಾರೆ. ನನಗೆ ರಾತ್ರಿ ನಿದ್ದೆ ಬರ್ತಿಲ್ಲ. ಯಾರಾದರೂ ನೋಡಿ ಹೇಳಿ.

ಕರಾವಳಿ_ಗಣಕ:
ಮಾರಾಯ್ರೆ, 22 ರೌಂಡಿಗೆ 0.97 ಬಂದದ್ದು ನಿಜವೇ ಆದರೆ ನೀವು ಇಲ್ಲಿ ಪ್ರಶ್ನೆ ಕೇಳುವುದಲ್ಲ, ನಿಮ್ಮನ್ನು ಹುಡುಕಿಕೊಂಡು ಜನ ಬರಬೇಕಿತ್ತು. ನೂರಕ್ಕೆ ನೂರು ಡೇಟಾದಲ್ಲಿ ಸೋರಿಕೆ ಉಂಟು. ಕಾನ್ಫರೆನ್ಸಿಗೆ ಸದ್ಯಕ್ಕೆ ಏನೂ ಕಳಿಸಬೇಡಿ.

ನಿಮ್ಮ ಅಂಕಿಯಲ್ಲೇ ಒಂದು ಸುಳಿವು ಉಂಟು. 10 ರೌಂಡಿಗೂ 22 ರೌಂಡಿಗೂ ಒಂದೇ ಫಲಿತಾಂಶ. ಸೈಫರ್ ಒಳಗಿನ ವಿಷಯ ಏನಾದರೂ ನೆಟ್‌ವರ್ಕ್ ಕಲಿತಿದ್ದರೆ ರೌಂಡ್ ಹೆಚ್ಚಾದ ಹಾಗೆ ಅಕ್ಯುರಸಿ ಬೀಳಲೇಬೇಕು. ಬೀಳಲಿಲ್ಲ ಅಂದರೆ ಅದು ಸೈಫರನ್ನು ನೋಡುತ್ತಲೇ ಇಲ್ಲ, ಬೇರೆ ಏನನ್ನೋ ನೋಡುತ್ತಿದೆ.

ಇಷ್ಟು ಹೇಳಿ: ಸ್ಪೆಕ್‌ನ ಟೆಸ್ಟ್ ವೆಕ್ಟರ್ (ಪ್ರಕಟಿತ ಮಾದರಿ ಉತ್ತರ) ಹೊಂದಿಕೆ ಆಗ್ತದಾ? ಲೇಬಲ್ 0ಯ ಜೋಡಿ ಹೇಗೆ ಮಾಡಿದ್ದೀರಿ, ಸಾಲು ಸಾಲಾಗಿ? ಲಾಸ್ (ತಪ್ಪಿನ ಅಳತೆ) ಇಳಿಯುವುದು ಎಷ್ಟನೇ ಎಪಾಕಿಗೆ (ಇಡೀ ಡೇಟಾ ಮೇಲಿನ ಒಂದು ಸುತ್ತು) ನಿಂತಿತು? ವ್ಯಾಲಿಡೇಷನ್ ಡೇಟಾ ಬೇರೆ ಮಾಡಿದ್ದೇನೆ ಅಂತ ಸಮಾಧಾನ ಪಟ್ಟುಕೊಳ್ಳಬೇಡಿ. ಎರಡನ್ನೂ ಒಂದೇ ಫಂಕ್ಷನ್ ಮಾಡಿದ್ದಲ್ಲವಾ? ಆ ಫಂಕ್ಷನ್ನೇ ತಪ್ಪಿದ್ದರೆ ಎರಡರಲ್ಲೂ ಒಂದೇ ತಪ್ಪು ಕೂತಿರ್ತದೆ.

ಆರಾಮ್_ಕುರ್ಚಿ:
ಎಐ ಬಂದ ಮೇಲೆ ಕ್ರಿಪ್ಟೋಗ್ರಫಿ ಕಥೆ ಮುಗೀತು ಅಂತ ನಾನು ಅಂದೇ ಹೇಳಿದ್ದೆ. ಇವತ್ತು ಸ್ಪೆಕ್, ನಾಳೆ ಬ್ಯಾಂಕ್‌ಗಳು ಬಳಸೋ ಎಇಎಸ್ ಸೈಫರ್. ಬ್ಯಾಂಕ್‌ನಲ್ಲಿ ದುಡ್ಡಿಟ್ಟವರು ಹುಷಾರು.

ಹದಿನಾರು_ಬಿಟ್:
@ಕರಾವಳಿ_ಗಣಕ ಸರ್, ತುಂಬ ಥ್ಯಾಂಕ್ಸ್. ಕೋಡ್ ಲ್ಯಾಬ್ ಮೆಷಿನ್‌ನಲ್ಲಿದೆ, ಮೊಬೈಲ್‌ನಿಂದ ಬರೀತಿದ್ದೀನಿ, ಹಾಗಾಗಿ ಮಾತಲ್ಲೇ ಹೇಳ್ತೀನಿ.

ಟೆಸ್ಟ್ ವೆಕ್ಟರ್ ಸರಿಯಾಗಿದೆ. ಕೀ 1918 1110 0908 0100, ಪ್ಲೇನ್‌ಟೆಕ್ಸ್ಟ್ 6574 694ಸಿ ಕೊಟ್ಟರೆ ಎ868 42ಎಫ್2 ಬರತ್ತೆ. ಸೈಫರ್ ಪೂರ್ತಿ ಯುಇಂಟ್16ನಲ್ಲೇ (ಋಣ ಸಂಖ್ಯೆ ಇಲ್ಲದ 16 ಬಿಟ್ ನಮೂನೆ) ಬರೆದಿದ್ದೀನಿ.

ಲೇಬಲ್ 1: ರ‍್ಯಾಂಡಮ್ ಪ್ಲೇನ್‌ಟೆಕ್ಸ್ಟ್, ಅದಕ್ಕೆ 0040/0000 ಎಕ್ಸಾರ್ ಮಾಡಿದ (ಅಂದರೆ ಆ ಬಿಟ್ಟನ್ನ 0 ಇದ್ದರೆ 1, 1 ಇದ್ದರೆ 0 ಮಾಡಿದ) ಜೊತೆಗಾರ, ಎರಡನ್ನೂ ಎನ್‌ಕ್ರಿಪ್ಟ್ ಮಾಡಿ ನಾಲ್ಕು ಪದ.
ಲೇಬಲ್ 0: ಹೇಗೂ ರ‍್ಯಾಂಡಮ್ ಅಲ್ವಾ, ಎನ್‌ಕ್ರಿಪ್ಟ್ ಮಾಡೋ ಖರ್ಚು ಯಾಕೆ ಅಂತ ಪೈಥಾನ್‌ನ ನಂಪೈ ಲೈಬ್ರರಿಯ ರ‍್ಯಾಂಡ್‌ಇಂಟ್‌ನಿಂದ ನೇರವಾಗಿ ನಾಲ್ಕು ಪದ ತಗೊಂಡೆ. ಇಂಟ್16 (ಋಣ ಸಂಖ್ಯೆಗೂ ಜಾಗ ಇರೋ 16 ಬಿಟ್ ನಮೂನೆ), 0ಯಿಂದ 32767ರವರೆಗೆ. ಮೊದಲು 65535 ಅಂತ ಕೊಟ್ಟಿದ್ದೆ, ‘ಮಿತಿ ಇಂಟ್16ಗೆ ಹಿಡಿಯಲ್ಲ’ ಅನ್ನೋ ಅರ್ಥದ ಎರರ್ ಬಂತು. ಅದಕ್ಕೇ ಕಡಿಮೆ ಮಾಡಿದೆ. ಕೊನೆಗೆ ಎರಡೂ ಗುಂಪು ಸೇರಿಸಿ, ಯುಇಂಟ್16 ಮಾಡಿ, 64 ಬಿಟ್‌ಗೆ ಬಿಡಿಸಿ, ಲೇಬಲ್ ಜೊತೆಗೇ ಕಲೆಸಿದ್ದೀನಿ.

ಲಾಸ್ ಎರಡನೇ ಎಪಾಕ್‌ಗೇ ನಿಂತುಬಿಡತ್ತೆ. ಆಮೇಲೆ 200 ಎಪಾಕ್ ಓಡಿಸಿದರೂ ಅಲ್ಲಾಡಲ್ಲ.

ಸುಲೋಚನ_ಪಿ:
ನಿಮ್ಮ ತಪ್ಪು ಯಾವುದು ಅಂತ ನಿಮ್ಮ ಅಕ್ಯುರಸಿಯೇ ಹೇಳುತ್ತಿದೆ. 0.9688 ಅನ್ನುವುದನ್ನು ಶೇಕಡಾವಾರು ಅಂತ ನೋಡದೆ ಭಿನ್ನರಾಶಿಯಾಗಿ ನೋಡಿ. 31 ಭಾಗಿಸು 32 ಎಷ್ಟು? 0.96875.

ಈ 31/32 ಎಲ್ಲಿಂದ ಬಂತು? 32767ರ ಒಳಗಿನ ಯಾವ ಸಂಖ್ಯೆ ತೆಗೆದುಕೊಂಡರೂ 16 ಬಿಟ್‌ನಲ್ಲಿ ಎಡತುದಿಯ ಬಿಟ್ ಸೊನ್ನೆಯೇ. ಅಂದರೆ ನಿಮ್ಮ ಲೇಬಲ್ 0 ಜೋಡಿಗಳಲ್ಲಿ ನಾಲ್ಕು ಪದಗಳ ನಾಲ್ಕು ಎಡತುದಿ ಬಿಟ್‌ಗಳೂ ಯಾವಾಗಲೂ ಸೊನ್ನೆ. ಲೇಬಲ್ 1 ಸೈಫರ್‌ನಿಂದ ಬಂದದ್ದು. 10 ರೌಂಡ್ ಆದಮೇಲೆ ಅದರ ಬಿಟ್‌ಗಳು ಹೆಚ್ಚುಕಮ್ಮಿ ಸಮವಾಗಿ ಹರಡಿರುತ್ತವೆ, ಹಾಗಾಗಿ ಅಲ್ಲಿ ನಾಲ್ಕೂ ಸೊನ್ನೆಯಾಗುವುದು 16ರಲ್ಲಿ ಒಂದು ಸಲ ಮಾತ್ರ. ಈಗ ನೆಟ್‌ವರ್ಕ್ ಜಾಗದಲ್ಲಿ ನೀವೇ ಕೂತುಕೊಳ್ಳಿ. ನಾಲ್ಕೂ ಸೊನ್ನೆ ಕಂಡರೆ ‘0’ ಅನ್ನುತ್ತೀರಿ, ಒಂದಾದರೂ 1 ಕಂಡರೆ ‘1’ ಅನ್ನುತ್ತೀರಿ. ಲೇಬಲ್ 0ಯಲ್ಲಿ ಒಂದೂ ತಪ್ಪುವುದಿಲ್ಲ. ಲೇಬಲ್ 1ರಲ್ಲಿ 16ಕ್ಕೆ ಒಂದು ತಪ್ಪುತ್ತದೆ. ಎರಡೂ ಗುಂಪು ಅರ್ಧರ್ಧ ಇರುವುದರಿಂದ ಒಟ್ಟಿನಲ್ಲಿ 32ಕ್ಕೆ ಒಂದು ತಪ್ಪು. 15 ರೌಂಡ್ ಆಗಲಿ 22 ಆಗಲಿ, ಈ ಲೆಕ್ಕ ಬದಲಾಗುವುದಿಲ್ಲ. 1 ಲಕ್ಷ ಜೋಡಿಯ ವ್ಯಾಲಿಡೇಷನ್‌ಗೆ ಸಹಜವಾದ ಏರಿಳಿತ 0.0005ರ ಆಸುಪಾಸು, ನಿಮ್ಮ ಮೂರೂ ಅಂಕಿ ಅದರೊಳಗೇ ಇವೆ. ಎರಡನೇ ಎಪಾಕ್‌ಗೇ ಲಾಸ್ ನಿಂತದ್ದಕ್ಕೂ ಇದೇ ಕಾರಣ. ಅಷ್ಟು ಸುಲಭದ ನಿಯಮ ಕಲಿಯಲು 200 ಎಪಾಕ್ ಯಾಕೆ ಬೇಕು?

ನನ್ನ ಮಾತು ನಂಬಬೇಡಿ, ನೋಡಿಯೇ ಬಿಡಿ. ಲೇಬಲ್ 0 ಸಾಲುಗಳನ್ನಷ್ಟೇ ತೆಗೆದು 64 ಕಾಲಂಗಳ ಸರಾಸರಿ ಹಾಕಿ. ಎಲ್ಲವೂ 0.5ರ ಹತ್ತಿರ ಇರಬೇಕು. ನಿಮ್ಮಲ್ಲಿ 0, 16, 32, 48ನೇ ಕಾಲಂಗಳು ಸೊನ್ನೆ ಬರುತ್ತವೆ. ಆಮೇಲೆ ನೆಟ್‌ವರ್ಕೇ ಇಲ್ಲದೆ, ಮೇಲೆ ಹೇಳಿದ ನಿಯಮವನ್ನು ಒಂದು ಸಾಲಿನಲ್ಲಿ ಬರೆದು ಅಕ್ಯುರಸಿ ನೋಡಿ.

ಸರಿಪಡಿಸುವಾಗ ಇಂಟ್16 ಅನ್ನು ಯುಇಂಟ್16 ಮಾಡಿ ಸುಮ್ಮನಾಗಬೇಡಿ. ರ‍್ಯಾಂಡ್‌ಇಂಟ್‌ನಲ್ಲಿ ಮೇಲಿನ ಮಿತಿ ಸೇರುವುದಿಲ್ಲ, 65535 ಕೊಟ್ಟರೆ 65535 ಎಂದೂ ಬರುವುದಿಲ್ಲ. ಅದು ನಗಣ್ಯ, ಆದರೆ ಎರಡು ಗುಂಪು ಎರಡು ದಾರಿಯಲ್ಲಿ ತಯಾರಾದರೆ ಇಂಥದ್ದು ಯಾವ ಮೂಲೆಯಲ್ಲಾದರೂ ಉಳಿದುಕೊಳ್ಳುತ್ತದೆ. ಗೋರ್ ಮಾಡಿರುವುದನ್ನು ಗಮನಿಸಿ: ಎರಡೂ ಲೇಬಲ್‌ಗೆ ಒಂದೇ ದಾರಿ. ಮೊದಲು ಎಲ್ಲ ಸಾಲಿಗೂ ವ್ಯತ್ಯಾಸವಿರುವ ಜೋಡಿ ಮಾಡುತ್ತಾರೆ, ಲೇಬಲ್ 0 ಇರುವ ಕಡೆ ಎರಡನೇ ಪ್ಲೇನ್‌ಟೆಕ್ಸ್ಟನ್ನು ಹೊಸ ರ‍್ಯಾಂಡಮ್ ಪ್ಲೇನ್‌ಟೆಕ್ಸ್ಟ್‌ನಿಂದ ಬದಲಿಸುತ್ತಾರೆ, ಆಮೇಲೆ ಎಲ್ಲವನ್ನೂ ಒಟ್ಟಿಗೆ ಎನ್‌ಕ್ರಿಪ್ಟ್ ಮಾಡುತ್ತಾರೆ. ನೀವು ಉಳಿಸಲು ಹೋದ ಆ ಎನ್‌ಕ್ರಿಪ್ಷನ್ ಖರ್ಚು ಕೆಲವು ಸೆಕೆಂಡ್‌ಗಳದ್ದು.

ಘಟಪ್ರಭಾ:
ಅಲ್ರೀ ಮೇಡಂ, ಅಂಕಿ ನೋಡಿ ರೋಗ ಹೇಳಿದ್ರಲ್ಲ! ಇದನ್ನ ಸೇವ್ ಮಾಡಿ ಇಟ್ಕೊಂಡೆ.

ಹದಿನಾರು_ಬಿಟ್:
ಮೇಡಂ, ಹೇಳಿದ ಹಾಗೇ ಆಯ್ತು. 0, 16, 32, 48 ಸೊನ್ನೆ, ಉಳಿದ 60 ಕಾಲಂ 0.499, 0.501 ಹೀಗೆ. ಒಂದು ಸಾಲಿನ ನಿಯಮಕ್ಕೆ 0.9687. ನೆಟ್‌ವರ್ಕ್ ಇಲ್ಲ, ಜಿಪಿಯು ಇಲ್ಲ, ಏನೂ ಇಲ್ಲ. ಗೈಡ್ ಸರ್‌ಗೆ ಈ ಪ್ರಿಂಟ್‌ಔಟ್ ತೋರಿಸಿದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, ‘22ಕ್ಕೆ 0.50 ಬರೋವರೆಗೂ ನನ್ನ ಹತ್ತಿರ ಬರಬೇಡ’ ಅಂದ್ರು.

ಈಗ ಲೇಬಲ್ 0 ಬದಲಾಯಿಸಿದ್ದೀನಿ. 22 ರೌಂಡ್‌ಗೆ 0.50 ಬಂತು, ಖುಷಿ ಆಯ್ತು. ಆದರೆ 5 ರೌಂಡ್‌ಗೂ 0.50! 3 ರೌಂಡ್‌ಗೂ ಅಷ್ಟೇ. ಟ್ರೇನಿಂಗ್ ಅಕ್ಯುರಸಿ ಕೂಡ ಅಲ್ಲೇ ಕೂತಿದೆ. ಲರ್ನಿಂಗ್ ರೇಟ್ ಹೆಚ್ಚು ಕಡಿಮೆ ಮಾಡಿದೆ, ಪದರ ಜಾಸ್ತಿ ಮಾಡಿದೆ, ಏನೂ ಆಗ್ತಿಲ್ಲ. ಫಂಕ್ಷನ್‌ನಲ್ಲಿ ಈಗ ಇರೋ ಕ್ರಮ:

ಲೇಬಲ್‌ಗಳನ್ನು ರ‍್ಯಾಂಡಮ್ ಆಗಿ ಹಾಕೋದು. ಕೀಗಳು. ಪ್ಲೇನ್‌ಟೆಕ್ಸ್ಟ್ ಒಂದು. ಅದಕ್ಕೆ 0040/0000 ಎಕ್ಸಾರ್ ಮಾಡಿ ಪ್ಲೇನ್‌ಟೆಕ್ಸ್ಟ್ ಎರಡು. ಕೀ ಹಿಗ್ಗಿಸೋದು. ಎರಡನ್ನೂ ಎನ್‌ಕ್ರಿಪ್ಟ್ ಮಾಡೋದು. ಲೇಬಲ್ 0 ಇರೋ ಕಡೆ ಪ್ಲೇನ್‌ಟೆಕ್ಸ್ಟ್ ಎರಡನ್ನ ರ‍್ಯಾಂಡಮ್‌ನಿಂದ ಬದಲಿಸೋದು. ಸೈಫರ್‌ಟೆಕ್ಸ್ಟ್‌ಗಳನ್ನ ಬಿಟ್‌ಗೆ ಬಿಡಿಸಿ ವಾಪಸ್ ಕೊಡೋದು.

ಕರಾವಳಿ_ಗಣಕ:
ಕೊನೆಯಿಂದ ಎರಡನೇ ಸಾಲನ್ನು ಇನ್ನೊಮ್ಮೆ ಓದಿ. ಎನ್‌ಕ್ರಿಪ್ಟ್ ಆದಮೇಲೆ ಪ್ಲೇನ್‌ಟೆಕ್ಸ್ಟ್ ಬದಲಿಸಿದರೆ ಯಾರಿಗೆ ಪ್ರಯೋಜನ? ಸೈಫರ್‌ಟೆಕ್ಸ್ಟ್ ಆಗಲೇ ತಯಾರಾಗಿ ಕೂತಿದೆ. ಈಗ ನಿಮ್ಮ ಎಲ್ಲ ಜೋಡಿಗಳೂ ಅಸಲಿ ಜೋಡಿಗಳೇ, ಲೇಬಲ್ ಮಾತ್ರ ಅರ್ಧಕ್ಕೆ 0 ಅರ್ಧಕ್ಕೆ 1. ಕಲಿಯಲಿಕ್ಕೆ ಅಲ್ಲಿ ಏನೂ ಇಲ್ಲ. ಆ ಸಾಲನ್ನು ಎನ್‌ಕ್ರಿಪ್ಷನ್‌ಗಿಂತ ಮೇಲೆ ತನ್ನಿ.

ಇನ್ನೊಂದು ವಿಷಯ. ಡೇಟಾ ಸರಿ ಉಂಟಾ ಅಂತ ನೋಡಲಿಕ್ಕೆ ಪ್ರತಿ ಸಲ ನೆಟ್‌ವರ್ಕ್ ಓಡಿಸುವುದು ದೊಡ್ಡ ದಂಡ. ಸ್ಪೆಕ್‌ನಲ್ಲಿ ಮೊದಲ ಮೂರು ರೌಂಡನ್ನು ಪೆನ್ನು ಕಾಗದದಲ್ಲೇ ಲೆಕ್ಕ ಹಾಕಬಹುದು.

ಒಂದು ರೌಂಡ್ ಅಂದರೆ: ಎಡ ಪದವನ್ನು ಬಲಕ್ಕೆ 7 ಬಿಟ್ ತಿರುಗಿಸಿ, ಬಲ ಪದವನ್ನು ಕೂಡಿಸಿ, ರೌಂಡ್ ಕೀ ಎಕ್ಸಾರ್ ಮಾಡಿ, ಅದು ಹೊಸ ಎಡ ಪದ. ಬಲ ಪದವನ್ನು ಎಡಕ್ಕೆ 2 ಬಿಟ್ ತಿರುಗಿಸಿ, ಹೊಸ ಎಡ ಪದವನ್ನು ಎಕ್ಸಾರ್ ಮಾಡಿ, ಅದು ಹೊಸ ಬಲ ಪದ.

ಈಗ ವ್ಯತ್ಯಾಸ 0040/0000. ಎಡದ್ದು 7 ತಿರುಗಿದರೆ 8000, ಅಂದರೆ ತುತ್ತತುದಿಯ ಬಿಟ್. ಕೂಡಿಸುವಾಗ ತುದಿಯ ಬಿಟ್‌ನಿಂದ ದಶಕ (ಮುಂದಿನ ಬಿಟ್ಟಿಗೆ ಒಯ್ಯುವ ಕ್ಯಾರಿ) ಹೋಗಲಿಕ್ಕೆ ಜಾಗವೇ ಇಲ್ಲ, ಹೊರಗೆ ಬಿದ್ದುಹೋಗ್ತದೆ. ಹಾಗಾಗಿ 1 ರೌಂಡ್ ಆದಮೇಲೆ ಲೇಬಲ್ 1ರ ಪ್ರತಿಯೊಂದು ಜೋಡಿಯಲ್ಲೂ ವ್ಯತ್ಯಾಸ 8000/8000 ಇರಲೇಬೇಕು, ಒಂದೂ ತಪ್ಪದೆ. ‘0040 ಯಾಕೆ, ಬೇರೆ ಯಾಕಲ್ಲ’ ಅನ್ನುವ ಪ್ರಶ್ನೆಗೂ ಇದೇ ಉತ್ತರ: ಮೊದಲ ರೌಂಡ್ ಪುಕ್ಕಟೆ. ಎರಡನೇ ರೌಂಡಿನಲ್ಲಿ ಒಂದು ಕಡೆ ದಶಕ ಹೋಗುವ ಸಾಧ್ಯತೆ ಉಂಟು, ಹಾಗಾಗಿ ಅರ್ಧ ಜೋಡಿಗಳಲ್ಲಿ 8100/8102 ಕಾಣಬೇಕು. ಮೂರನೆಯದರಲ್ಲಿ ಇನ್ನೆರಡು ಕಡೆ, ಅಂದರೆ 8000/840ಎ ಅನ್ನುವುದು 8 ಜೋಡಿಗೆ ಒಂದರಲ್ಲಿ. ಲೇಬಲ್ 0ಯಲ್ಲಿ ಇವು ಕಾಣಲೇಬಾರದು, ಕಂಡರೂ ಎಲ್ಲೋ ಅಪರೂಪಕ್ಕೆ. ಈ ಮೂರು ಎಣಿಕೆ ಸರಿ ಬಂದರೆ ಮಾತ್ರ ಜಿಪಿಯು ಹಚ್ಚಿ.

ಎಡ ಬಲ ಅದಲುಬದಲಾಗಿ 0000/0040 ಹಾಕುವವರೂ ಇದ್ದಾರೆ. ಅದರಲ್ಲಿ ಮೊದಲ ರೌಂಡೇ ಅರ್ಧ ನಷ್ಟ, ವ್ಯತ್ಯಾಸವೂ ಬೇಗ ಚದುರಿ ಹೋಗ್ತದೆ. ನೆಟ್‌ವರ್ಕ್ ಕಲಿತ ಹಾಗೆ ಕಾಣ್ತದೆ, ಅಂಕಿ ಮಾತ್ರ ಪೇಪರಿನದ್ದಕ್ಕಿಂತ ಕೆಳಗೆ ಉಳಿದುಬಿಡ್ತದೆ. ಯಾಕೆ ಅಂತ ವಾರಗಟ್ಟಲೆ ತಿಳಿಯುವುದಿಲ್ಲ. ಮೊದಲ ರೌಂಡಿನ 8000/8000 ಪರೀಕ್ಷೆ ಅದನ್ನೂ ಹಿಡಿದುಕೊಡ್ತದೆ.

ಹದಿನಾರು_ಬಿಟ್:
ಸರ್, ಸೂಪರ್. 1 ರೌಂಡ್: ಎಲ್ಲವೂ 8000/8000. 2 ರೌಂಡ್: 8100/8102 ಬಂದಿದ್ದು 0.500. 3 ರೌಂಡ್: 8000/840ಎ ಬಂದಿದ್ದು 0.125. ಎಣಿಸಿ ನೋಡಿದ್ದು ಹೀಗೆ ಕೈಲೆಕ್ಕಕ್ಕೆ ಹೊಂದಿದ್ದು ನೋಡಿ ಮೈ ಜುಂ ಅಂತು.

ಟ್ರೇನಿಂಗ್ ಡೇಟಾ 1 ಕೋಟಿಗೆ ಏರಿಸಿದೆ, ಬ್ಯಾಚ್ 5000, ಪೇಪರ್‌ನ ಹಾಗೇ ಲರ್ನಿಂಗ್ ರೇಟ್ 0.002ರಿಂದ 0.0001ರವರೆಗೆ ಇಳಿದು ಮತ್ತೆ ಮೇಲೇರೋ ಥರ. ಈಗ ಬಂದಿದ್ದು: 5ಕ್ಕೆ 0.927, 6ಕ್ಕೆ 0.784, 7ಕ್ಕೆ 0.608. 22ಕ್ಕೆ 0.50.

ಉಳಿದಿದ್ದು 8 ರೌಂಡ್. ಎಲ್ಲ ಸಲ 0.50ರ ಹತ್ತಿರವೇ ಬರತ್ತೆ. ಬೇಗ ನೋಡೋಣ ಅಂತ 2000 ಜೋಡಿ ಮೇಲೆ ವ್ಯಾಲಿಡೇಷನ್ ಮಾಡಿದಾಗ ಮಾತ್ರ ಒಂದು ರನ್‌ಗೆ 0.517 ಸಿಕ್ತು. ಗೋರ್ ಅವರ 0.514ಕ್ಕಿಂತ ಜಾಸ್ತಿ! ಆ ಮಾಡೆಲ್ ಫೈಲ್ ಇಟ್ಟುಕೊಂಡಿದ್ದೀನಿ. ಇದನ್ನ ರಿಪೋರ್ಟ್‌ನಲ್ಲಿ ಹಾಕಬಹುದಾ?

ಸುಲೋಚನ_ಪಿ:
ಹಾಕಬೇಡಿ. 2000 ಜೋಡಿಗೆ ಸುಮ್ಮನೆ ಊಹೆ ಮಾಡಿದರೂ ಅಕ್ಯುರಸಿಯ ಪ್ರಮಾಣ ವಿಚಲನೆ 0.011 ಇರುತ್ತದೆ. 0.517 ಅಂದರೆ ಒಂದೂವರೆ ವಿಚಲನೆ. ಏನೂ ಕಲಿಯದ ಮಾಡೆಲ್‌ಗಳನ್ನೇ ಹತ್ತಾರು ಸಲ ಓಡಿಸಿದರೆ ಅವುಗಳಲ್ಲಿ ಒಂದಕ್ಕಾದರೂ ಇಷ್ಟು ಬಂದೇ ಬರುತ್ತದೆ. ಗೋರ್ ಅವರು 10 ಲಕ್ಷ ಜೋಡಿಗಳ ಮೇಲೆ ಪರೀಕ್ಷಿಸಿದ್ದಾರೆ, ಅಲ್ಲಿ ವಿಚಲನೆ 0.0005. ಅವರ 0.514 ಇಪ್ಪತ್ತೆಂಟು ವಿಚಲನೆ ದೂರದಲ್ಲಿದೆ. ನಿಮ್ಮ ಅಂಕಿ ದೊಡ್ಡದಾಗಿ ಕಂಡರೂ ಎರಡಕ್ಕೂ ಹೋಲಿಕೆಯೇ ಇಲ್ಲ. ಆ ಫೈಲ್ ಅಳಿಸುವುದಕ್ಕೆ ಮೊದಲು 10 ಲಕ್ಷ ಹೊಸ ಜೋಡಿ ಕೊಟ್ಟು ನೋಡಿ, 0.50ಕ್ಕೆ ಬಂದು ಕೂರುತ್ತದೆ.

8 ರೌಂಡ್ ನೇರವಾಗಿ ಕಲಿಸಿದರೆ ನೆಟ್‌ವರ್ಕ್‌ಗೆ ಹಿಡಿತ ಸಿಗುವುದಿಲ್ಲ. ಸುಳಿವು ಅಷ್ಟು ಕ್ಷೀಣ. ಪೇಪರ್‌ನಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಹೋಗಿದ್ದಾರೆ, ಆ ಭಾಗವನ್ನು ನೀವು ಹಾರಿಸಿರಬೇಕು. ಮೊದಲು 7 ರೌಂಡ್‌ಗೆ ಪಳಗಿದ ನೆಟ್‌ವರ್ಕ್ ತೆಗೆದುಕೊಳ್ಳುತ್ತಾರೆ. ಅದಕ್ಕೆ 8000/840ಎ ವ್ಯತ್ಯಾಸದಿಂದ ಶುರುವಾಗುವ 5 ರೌಂಡ್ ಸ್ಪೆಕ್ ಕಲಿಸುತ್ತಾರೆ. ಗಣಕ ಅವರು ಮೇಲೆ ಲೆಕ್ಕ ಹಾಕಿ ತೋರಿಸಿದ ಮೂರನೇ ರೌಂಡಿನ ವ್ಯತ್ಯಾಸ ಅದೇ. 3 ರೌಂಡ್ ಕಳೆದ ಮೇಲೆ ಉಳಿದ 5, ಒಟ್ಟು 8. ಆಮೇಲೆ ಅದೇ ನೆಟ್‌ವರ್ಕನ್ನು 0040/0000ದ 8 ರೌಂಡ್‌ಗೆ ತರುತ್ತಾರೆ, ಆಗ 100 ಕೋಟಿ ಹೊಸ ಜೋಡಿಗಳು. ಇಷ್ಟನ್ನೂ ಹಾರ್ಡ್ ಡಿಸ್ಕ್‌ನಲ್ಲಿ ಇಡಬೇಕಿಲ್ಲ, ಬ್ಯಾಚ್ ಬ್ಯಾಚಾಗಿ ತಯಾರಿಸುತ್ತಾ ಹೋಗಿ. ನಿಮ್ಮ ಲ್ಯಾಬ್‌ನ ಜಿಪಿಯು ಎಷ್ಟು ಹೊತ್ತು ನಿಮ್ಮ ಕೈಲಿರುತ್ತದೆ ಅನ್ನುವುದರ ಮೇಲೆ ಇದಕ್ಕೆ ಕೈ ಹಾಕಬೇಕೋ ಬೇಡವೋ ನಿರ್ಧರಿಸಿ. ನನ್ನ ಅಭಿಪ್ರಾಯ ಕೇಳಿದರೆ, ಎಂ.ಟೆಕ್ ರಿಪೋರ್ಟ್‌ಗೆ 7 ರೌಂಡ್ ಸಾಕು. 8ಕ್ಕೆ ಸುರಿಯುವ ಸಮಯವನ್ನು ನೆಟ್‌ವರ್ಕ್ ಏನು ಕಲಿತಿದೆ ಅನ್ನುವುದಕ್ಕೆ ಕೊಟ್ಟರೆ ಓದುವವರಿಗೆ ಹೆಚ್ಚು ಉಪಯೋಗ.

ಘಟಪ್ರಭಾ:
ಅಡ್ಡ ಬಾಯಿ ಹಾಕ್ತೀನಿ, ಬ್ಯಾಸರ ಮಾಡ್ಕೋಬ್ಯಾಡ್ರಿ. ವ್ಯತ್ಯಾಸ ಹೆಂಗ ಸಾಗ್ತದ ಅಂತ ಗಣಕ ಅವರು ಕೈಲೆ ಬರದು ತೋರಿಸಿದ್ರು. ಅದನ್ನ ಕಂಪ್ಯೂಟರ್‌ಗೆ ಹಚ್ಚಿ ಎಲ್ಲಾ ವ್ಯತ್ಯಾಸಗಳ ಸಂಭವನೀಯತೆ ಕೋಷ್ಟಕ ಮಾಡಿಬಿಟ್ರ ಆತಲ್ರೀ. 32 ಬಿಟ್ ಅಷ್ಟ ಐತಿ. ನ್ಯೂರಲ್ ನೆಟ್‌ವರ್ಕ್ ಯಾಕ ಬೇಕು?

ಕರಾವಳಿ_ಗಣಕ:
ಬಹಳ ಒಳ್ಳೆಯ ಪ್ರಶ್ನೆ. ಆ ಕೋಷ್ಟಕವನ್ನು ಗೋರ್ ಅವರೇ ಮಾಡಿದ್ದಾರೆ, ಇಲ್ಲದಿದ್ದರೆ ನೆಟ್‌ವರ್ಕ್ ಮೇಲು ಅಂತ ಹೇಳಲಿಕ್ಕೆ ಅಳತೆಗೋಲೇ ಇರ್ತಿರಲಿಲ್ಲ. ಕೋಷ್ಟಕದ ಅಕ್ಯುರಸಿ 5 ರೌಂಡಿಗೆ 0.911, 6ಕ್ಕೆ 0.758, 7ಕ್ಕೆ 0.591, 8ಕ್ಕೆ 0.512. ನೆಟ್‌ವರ್ಕ್ ಎಲ್ಲ ಕಡೆ ಸ್ವಲ್ಪ ಮುಂದೆ. ಎರಡು ಸೈಫರ್‌ಟೆಕ್ಸ್ಟ್‌ನ ವ್ಯತ್ಯಾಸ ಒಂದರಿಂದಲೇ ಪಡೆಯಬಹುದಾದ್ದನ್ನೆಲ್ಲ ಕೋಷ್ಟಕ ಹಿಂಡಿ ತೆಗೆದಾಗಿದೆ. ಅದಕ್ಕಿಂತ ಮುಂದೆ ಹೋಗಿದೆ ಅಂದರೆ ನೆಟ್‌ವರ್ಕ್ ವ್ಯತ್ಯಾಸದ ಆಚೆಗೆ ಏನನ್ನೋ ನೋಡಿದೆ ಅಂತಾಯ್ತು.

ಏನು ನೋಡಿದೆ? 2021ರ ಯೂರೋಕ್ರಿಪ್ಟ್ ಸಮ್ಮೇಳನದಲ್ಲಿ ಬೆನಮೀರಾ, ಜೆರೋ, ಪೇರಾಂ, ಟಾನ್ ಅನ್ನುವ ನಾಲ್ವರು ಇದನ್ನೇ ಬಿಡಿಸಿ ನೋಡಿದರು. ಸೈಫರ್‌ಟೆಕ್ಸ್ಟ್ ಅಷ್ಟೇ ಅಲ್ಲ, ಅದಕ್ಕಿಂತ ಒಂದೆರಡು ರೌಂಡ್ ಹಿಂದಿನ ವ್ಯತ್ಯಾಸಗಳನ್ನೂ ನೆಟ್‌ವರ್ಕ್ ಲೆಕ್ಕಕ್ಕೆ ತಗೊಳ್ತದೆ ಅನ್ನುವುದು ಅವರ ತೀರ್ಮಾನ. ಕೀ ಇಲ್ಲದೆ ಹಿಂದಿನ ರೌಂಡ್ ಹೇಗೆ ಕಾಣ್ತದೆ ಅಂದರೆ, ರೌಂಡಿನ ಕೊನೆಯ ಹೆಜ್ಜೆ ನೋಡಿ. ಹೊಸ ಬಲ ಪದ ಅಂದರೆ ಹಳೆಯ ಬಲ ಪದವನ್ನು 2 ಬಿಟ್ ಎಡಕ್ಕೆ ತಿರುಗಿಸಿ ಹೊಸ ಎಡ ಪದದ ಜೊತೆ ಎಕ್ಸಾರ್ ಮಾಡಿದ್ದು. ಹಾಗಾದರೆ ನಿಮ್ಮ ಕೈಲಿರುವ ಎಡ ಬಲ ಎರಡನ್ನೂ ಎಕ್ಸಾರ್ ಮಾಡಿ 2 ಬಿಟ್ ಬಲಕ್ಕೆ ತಿರುಗಿಸಿದರೆ ಹಿಂದಿನ ರೌಂಡಿನ ಬಲ ಪದ ಹಾಗೇ ಸಿಗ್ತದೆ. ರೌಂಡ್ ಕೀ ಅಡ್ಡ ಬರುವುದೇ ಇಲ್ಲ. ಎಡ ಪದಕ್ಕೆ ಮಾತ್ರ ಕೀ ಬೇಕು. ಅಲ್ಲೂ ಕಳೆಯುವಾಗ ದಶಕ ಹೇಗೆ ಹೋಗ್ತದೆ ಅನ್ನುವುದರಲ್ಲಿ ಪದಗಳ ನಿಜವಾದ ಬೆಲೆಯಿಂದ ಅಲ್ಪಸ್ವಲ್ಪ ಮಾಹಿತಿ ಸೋರ್ತದೆ.

@ಹದಿನಾರು_ಬಿಟ್ ನಿಮಗೆ ಮಾಡಿ ನೋಡಲಿಕ್ಕೆ: 64 ಬಿಟ್ ಬದಲು ಬರೀ ವ್ಯತ್ಯಾಸದ 32 ಬಿಟ್ ಕೊಟ್ಟು 5, 6, 7 ರೌಂಡಿಗೆ ಕಲಿಸಿ. ಕೋಷ್ಟಕದ ಅಂಕಿಯನ್ನು ದಾಟಬಾರದು. ದಾಟಿದರೆ ಮತ್ತೆ ಎಲ್ಲೋ ಸೋರಿಕೆ ಅಂತ ತಿಳಿಯಿರಿ.

ಆರಾಮ್_ಕುರ್ಚಿ:
ಎಲ್ಲ ಸರಿ ಸ್ವಾಮಿ, ಎಇಎಸ್ ಯಾವಾಗ ಒಡೆಯುತ್ತೆ?

ಸುಲೋಚನ_ಪಿ:
ಈ ದಾರಿಯಲ್ಲಿ ಒಡೆಯುವ ಲಕ್ಷಣ ಕಾಣುತ್ತಿಲ್ಲ. ಗೋರ್ ಅವರ ಪೇಪರ್‌ನ ಕೀ ಹುಡುಕುವ ಮುಖ್ಯ ದಾಳಿ 22ರಲ್ಲಿ 11 ರೌಂಡ್ ಮೇಲೆ. ಅಲ್ಲಿ ಹಿಂದಿನ ದಾಳಿಗೆ 2ರ ಘಾತ 46ರಷ್ಟು ಕೆಲಸ ಬೇಕಿದ್ದದ್ದನ್ನು ಸುಮಾರು 2ರ ಘಾತ 38ಕ್ಕೆ ಇಳಿಸಿದರು. ಅದು ದೊಡ್ಡ ಸಾಧನೆಯೇ, ಆದರೆ ಅರ್ಧ ಸೈಫರ್ ಮೇಲೆ, ಅದೂ ಕುಟುಂಬದ ಅತಿ ಸಣ್ಣ ಕೂಸಿನ ಮೇಲೆ. ಎಇಎಸ್ ಬ್ಲಾಕ್ 128 ಬಿಟ್. ಎಇಎಸ್‌ನ ಪ್ಲೇನ್‌ಟೆಕ್ಸ್ಟ್, ಸೈಫರ್‌ಟೆಕ್ಸ್ಟ್ ಕೊಟ್ಟು ‘ಕಲಿ’ ಅಂದರೆ ನೆಟ್‌ವರ್ಕ್‌ಗೆ ಸಿಗುವುದು 0.50.

ಅತ್ತ ಕಡೆಯಿಂದಲೂ ಪ್ರಯತ್ನವಾಗಿದೆ. ನ್ಯೂರಲ್ ನೆಟ್‌ವರ್ಕ್‌ನಿಂದಲೇ ಗೂಢಲಿಪಿ ಕಟ್ಟುವುದು. 2002ರಲ್ಲಿ ಕಾಂಟರ್, ಕಿನ್ಸೆಲ್ ಮತ್ತು ಜೊತೆಗಾರರು ಎರಡು ನೆಟ್‌ವರ್ಕ್‌ಗಳು ಒಂದನ್ನೊಂದು ನೋಡಿ ಕಲಿಯುತ್ತಾ ಒಂದೇ ಕೀಗೆ ಬಂದು ಸೇರುವ ಕ್ರಮ ಪ್ರಕಟಿಸಿದರು. ಅದೇ ವರ್ಷದ ಏಷ್ಯಾಕ್ರಿಪ್ಟ್‌ನಲ್ಲಿ ಕ್ಲಿಮೋವ್, ಮಿತ್ಯಾಗಿನ್, ಶಮೀರ್ ಸೇರಿ ಅದನ್ನು ಮೂರು ಬಗೆಯಲ್ಲಿ ಮುರಿದರು. 2016ರಲ್ಲಿ ಗೂಗಲ್‌ನ ಅಬಾದಿ, ಆಂಡರ್ಸನ್ ಅವರು ಮೂರು ನೆಟ್‌ವರ್ಕ್ ಆಡಿಸಿದ ಪ್ರಯೋಗ ಪತ್ರಿಕೆಗಳಲ್ಲಿ ‘ಎಐ ತನ್ನದೇ ಗುಪ್ತಭಾಷೆ ಕಂಡುಹಿಡಿಯಿತು’ ಅಂತ ಬಂತು. ಕದ್ದು ಕೇಳುವವನೂ ಅಲ್ಲಿ ಅವರೇ ಕಟ್ಟಿದ ನೆಟ್‌ವರ್ಕ್ ಅನ್ನುವುದನ್ನು ಯಾರೂ ದಪ್ಪಕ್ಷರದಲ್ಲಿ ಹಾಕಲಿಲ್ಲ. ಬ್ಯಾಂಕಿನ ದುಡ್ಡಿಗೆ ಅಪಾಯ ಇರುವುದು ಓಟಿಪಿ ಕೇಳಿ ಬರುವ ಫೋನ್‌ನಿಂದ.

ಹದಿನಾರು_ಬಿಟ್:
ಬರೀ ವ್ಯತ್ಯಾಸದ ಮೇಲೆ ಓಡಿಸಿದೆ. 5ಕ್ಕೆ 0.909, 6ಕ್ಕೆ 0.755, 7ಕ್ಕೆ 0.588. ಕೋಷ್ಟಕಕ್ಕಿಂತ ಒಂದು ಕೂದಲೆಳೆ ಕೆಳಗೆ. ಆಮೇಲೆ ಪೂರ್ತಿ 64 ಬಿಟ್ ಜೊತೆ, ಎಡ ಬಲ ಎಕ್ಸಾರ್ ಮಾಡಿ ತಿರುಗಿಸಿದ ಪದಗಳನ್ನೂ ಸೇರಿಸಿ ಕೊಟ್ಟೆ. ಕೊನೆಯ ಅಂಕಿ ಹೆಚ್ಚೇನೂ ಬದಲಾಗಲಿಲ್ಲ, ಆದರೆ ಅಲ್ಲಿಗೆ ತಲುಪೋದು ಬೇಗ ಆಯ್ತು. ನೆಟ್‌ವರ್ಕ್ ಅದನ್ನ ತಾನೇ ಕಂಡುಕೊಳ್ತಿತ್ತು ಅಂತ ಕಾಣತ್ತೆ. 0.517 ಮಾಡೆಲ್‌ಗೆ 10 ಲಕ್ಷದ ಮೇಲೆ 0.4998. ಅಳಿಸಿದೆ.

8 ರೌಂಡ್ ಬಿಡ್ತೀನಿ. ಗೈಡ್ ಸರ್ ಒಪ್ಪಿದ್ದಾರೆ. ಮೊದಲನೇ 0.9688 ಕಥೆಯನ್ನೂ ರಿಪೋರ್ಟ್‌ನಲ್ಲಿ ಒಂದು ವಿಭಾಗ ಮಾಡಿ ಹಾಕು, 31/32 ಲೆಕ್ಕದ ಸಮೇತ, ಅಂತ ಹೇಳಿದ್ದಾರೆ.

ಮುಂಗಾರು_ಸಿ:
ಹಳೇ ಚರ್ಚೆಯನ್ನ ಎಬ್ಬಿಸ್ತಿರೋದಕ್ಕೆ ಕ್ಷಮಿಸಿ. ನಾನು ಇದೇ ಪ್ರಯೋಗ ಪೈಥಾನ್ ಬಿಟ್ಟು ಸಿ ಭಾಷೆಯಲ್ಲಿ ಡೇಟಾ ತಯಾರಿಸಿ ಮಾಡ್ತಿದ್ದೀನಿ, ಲಿನಕ್ಸ್ ಮೇಲೆ. 12 ರೌಂಡ್‌ಗೂ 20ಕ್ಕೂ 0.75 ಬರ್ತಿದೆ. ಮೊದಲ ಸೈಫರ್‌ಟೆಕ್ಸ್ಟ್ ಎರಡೂ ಲೇಬಲ್‌ಗೆ ಎನ್‌ಕ್ರಿಪ್ಟ್ ಮಾಡಿದ್ದೇ. ಲೇಬಲ್ 0ಯಲ್ಲಿ ಎರಡನೇದನ್ನ ಮಾತ್ರ ರ‍್ಯಾಂಡ್ ಫಂಕ್ಷನ್ ಕರೆದು 32 ಬಿಟ್ ಆಗಿ ತುಂಬಿಸ್ತೀನಿ. ಇಂಟ್16 ಎಲ್ಲೂ ಇಲ್ಲ. ಹಾಗಾದರೆ ನನ್ನದು ಬೇರೆ ಸಮಸ್ಯೆನಾ?

ಘಟಪ್ರಭಾ:
ನಾನೂ ಒಮ್ಮೆ ಲೆಕ್ಕ ಹಾಕಿ ನೋಡ್ತೀನಿ ತಡೀರಿ. ಲೇಬಲ್ 0ಯಾಗ ಒಂದ ಬಿಟ್ ಯಾವಾಗ್ಲೂ ಸೊನ್ನಿ ಇದ್ರ, ಲೇಬಲ್ 1ರಾಗ ಅದು ಸೊನ್ನಿ ಆಗೂದು ಅರ್ಧ ಸಲ. ಅರ್ಧದಾಗ ಅರ್ಧ ತಪ್ಪು, ಅಂದ್ರ ನಾಕರಾಗ ಒಂದು. 0.75. ನಿಮ್ದು ಒಂದ ಬಿಟ್ ಸತ್ತೈತಿ.

ಕರಾವಳಿ_ಗಣಕ:
ಘಟಪ್ರಭಾ ಅವರ ಲೆಕ್ಕ ಸರಿ ಉಂಟು. ಲಿನಕ್ಸಿನಲ್ಲಿ ಸಿ ಭಾಷೆಯ ರ‍್ಯಾಂಡ್ ಕೊಡುವುದು 31 ಬಿಟ್ ಮಾತ್ರ, ಗರಿಷ್ಠ 2147483647. 32 ಬಿಟ್‌ನ ಬ್ಲಾಕಿಗೆ ತುಂಬಿಸಿದರೆ ತುದಿಯ ಬಿಟ್ ಸದಾ ಸೊನ್ನೆ. ವಿಂಡೋಸಿನಲ್ಲಿ ಇದೇ ಕೋಡ್ ಓಡಿಸಿದ್ದರೆ ಅಲ್ಲಿ ಗರಿಷ್ಠ 32767, ಹದಿನೇಳು ಬಿಟ್ ಸತ್ತು ಅಕ್ಯುರಸಿ 1.0 ಕಾಣ್ತಿತ್ತು. ರ‍್ಯಾಂಡ್ ಬಿಟ್ಟು ಆಪರೇಟಿಂಗ್ ಸಿಸ್ಟಮ್‌ನ ಯುರ‍್ಯಾಂಡಮ್‌ನಿಂದ ಬೈಟ್ ಓದಿ, ಎರಡೂ ಲೇಬಲನ್ನು ಒಂದೇ ದಾರಿಯಲ್ಲಿ ಎನ್‌ಕ್ರಿಪ್ಟ್ ಮಾಡಿ.

ಮುಂಗಾರು_ಸಿ:
ಎರಡನೇ ಸೈಫರ್‌ಟೆಕ್ಸ್ಟ್‌ನ ಎಡತುದಿ ಕಾಲಂ ಸರಾಸರಿ ಸೊನ್ನೆ ಇತ್ತು. ಯುರ‍್ಯಾಂಡಮ್‌ಗೆ ಬದಲಿಸಿ, ಎನ್‌ಕ್ರಿಪ್ಷನ್‌ಗೆ ಮುಂಚೆ ಪ್ಲೇನ್‌ಟೆಕ್ಸ್ಟ್ ಬದಲಿಸೋ ಹಾಗೆ ಮಾಡಿದೆ. 12 ರೌಂಡ್‌ಗೆ 0.5003, 20ಕ್ಕೆ 0.4996, 5ಕ್ಕೆ 0.92. ಥ್ಯಾಂಕ್ಸ್ ಘಟಪ್ರಭಾ ಅವರೇ, ಗಣಕ ಸರ್.